ಸುಟ್ಟ ಸಾಲಪತ್ರದಿಂದ ರಾಜಿ ಡಿಕ್ರಿಯವರೆಗೆ

ಸಾಲಕ್ಕೂ ಹೊಲಮನೆಗೂ ಸಂಬಂಧಿಸಿದ ದಾವೆಗಳಲ್ಲಿ ವಾದಿ ಪ್ರತಿವಾದಿಗಳು ತಮ್ಮೊಳಗೆ ಒಪ್ಪಂದ ಮಾಡಿಕೊಂಡು, ಅದನ್ನು ನ್ಯಾಯಾಲಯದ ಮುಂದಿಟ್ಟು ಪಡೆಯುವ ತೀರ್ಪಿಗೆ ರಾಜಿ ಡಿಕ್ರಿ ಎಂದು ಹೆಸರು. ಊರ ಪಂಚರ ಮುಂದೆ ಆಡಿದ ಮಾತು ಬರಿಯ ಮಾತಾಗಿ ಉಳಿಯಬಹುದು. ನ್ಯಾಯಾಲಯದ ಮುದ್ರೆ ಬಿದ್ದ ರಾಜಿಯಾದರೋ ಉಳಿದ ಡಿಕ್ರಿಗಳಂತೆಯೇ ಜಾರಿಯಾಗುತ್ತದೆ. ಈ ಪದ್ಧತಿಯ ಚರಿತ್ರೆಯಲ್ಲಿ ನಮ್ಮ ಸೊಲ್ಲಾಪುರ ಜಿಲ್ಲೆಗೂ ಒಂದು ಸ್ಥಾನವುಂಟು. ಅದನ್ನು ಉಪಾಧ್ಯಾಯ ಬಂಧುಗಳೂ ವಿದ್ಯಾರ್ಥಿಗಳೂ ಅರಿತಿರುವುದು ಉಚಿತವೆಂದು ಬಗೆದು ಇಲ್ಲಿ ಸಂಗ್ರಹವಾಗಿ ನಿರೂಪಿಸುತ್ತೇವೆ.

1859ರ ದಿವಾಣಿ ಸಂಹಿತೆಯಲ್ಲಿಯೇ ರಾಜಿಗೆ ಅವಕಾಶವಿತ್ತು. ಆದರೆ ಅದೇ ವರ್ಷದ ಕಾಲಮಿತಿ ಕಾಯಿದೆಯು ಸಾಮಾನ್ಯ ಸಾಲದ ದಾವೆಗೆ ಮೂರು ವರ್ಷಗಳ ಗಡುವು ಹಾಕಿತು. ಗಡುವು ತೀರುವ ಮೊದಲೇ ಸಾವುಕಾರನು ಬಡ್ಡಿಯನ್ನು ಅಸಲಿಗೆ ಕೂಡಿಸಿ ಹೊಸ ಪತ್ರ ಬರೆಯಿಸಿಕೊಳ್ಳುವನು. ಅಕ್ಷರವರಿಯದ ರೈತನು ಗುರುತು ಹಾಕುವನು. ದಾವೆ ಹೂಡಿದಾಗ ಅವನು ನ್ಯಾಯಾಲಯಕ್ಕೆ ಹೋಗದೆ ಉಳಿದರೆ ಏಕಪಕ್ಷೀಯ ಡಿಕ್ರಿಯಾಗುವುದು. ಅಮೆರಿಕದ ಅಂತರ್ಯುದ್ಧದ ಕಾಲದಲ್ಲಿ (1861–65) ಏರಿದ್ದ ಹತ್ತಿಯ ಬೆಲೆ ಆಮೇಲೆ ಇಳಿಯಿತು, ಭೂಕಂದಾಯವೋ ಏರಿತು. ಸಾಲದ ಭಾರ ಹೊರಲಾರದಂತಾಯಿತು.

1875ರ ಮೇ 12ರಂದು ಪುಣೆ ಜಿಲ್ಲೆಯ ಸುಪೆ ಗ್ರಾಮದಲ್ಲಿ ದಂಗೆಯೆದ್ದಿತು. ಅಹಮದನಗರ ಜಿಲ್ಲೆಗೂ ಹಬ್ಬಿತು. ದಂಗೆಕೋರರು ಮುಖ್ಯವಾಗಿ ಕೇಳಿದ್ದು ಸಾಲಪತ್ರಗಳನ್ನೂ ಲೆಕ್ಕದ ವಹಿಗಳನ್ನೂ. ಕೈಗೆ ಸಿಕ್ಕವನ್ನು ಸುಟ್ಟರು. ತಾವು ಓದಲಾರದ ಕಾಗದವೇ ತಮ್ಮ ಹೊಲವನ್ನು ನುಂಗುತ್ತಿದೆ ಎಂಬುದು ಅವರಿಗೆ ತಿಳಿದಿತ್ತು.

ಸರಕಾರವು ವಿಚಾರಣಾ ಆಯೋಗವನ್ನು ನೇಮಿಸಿತು. 1879ರಲ್ಲಿ ದಖ್ಖನ್ ಕೃಷಿಕರ ಪರಿಹಾರ ಕಾಯಿದೆ ಬಂದಿತು. ಪುಣೆ, ಸಾತಾರಾ, ಅಹಮದನಗರ, ಸೊಲ್ಲಾಪುರ ಎಂಬ ನಾಲ್ಕು ಜಿಲ್ಲೆಗಳಿಗಾಗಿ ಅದನ್ನು ರಚಿಸಲಾಗಿತ್ತು. ಪತ್ರದಲ್ಲಿ ಬರೆದ ಮೊತ್ತವನ್ನೇ ನಂಬದೆ, ವ್ಯವಹಾರದ ಮೊದಲಿನಿಂದ ಲೆಕ್ಕ ತೆಗೆದು, ಅಸಲಿಗೆ ಸೇರಿಸಿದ ಬಡ್ಡಿಯನ್ನು ಬೇರ್ಪಡಿಸುವ ಅಧಿಕಾರ ನ್ಯಾಯಾಧೀಶನಿಗೆ ದೊರೆಯಿತು. ಸಾಲವನ್ನು ಕಂತುಗಳಲ್ಲಿ ತೀರಿಸಲು ಅನುಕೂಲವಾಯಿತು. ಹಣದ ಡಿಕ್ರಿಗಾಗಿ ಕೃಷಿಕನನ್ನು ಸೆರೆಗೆ ಹಾಕುವುದು ನಿಂತಿತು.

ನಮ್ಮ ವಿಷಯಕ್ಕೆ ಮುಖ್ಯವಾದುದು ಸಂಧಾನಕಾರರ ನೇಮಕ. ಉಭಯರೂ ಸಂಧಾನಕಾರನ ಮುಂದೆ ಒಪ್ಪಿದರೆ ಅವನು ಕರಾರನ್ನು ನ್ಯಾಯಾಲಯಕ್ಕೆ ಕಳಿಸಬೇಕು. ಆಕ್ಷೇಪವಿದ್ದವರು ಒಂದು ತಿಂಗಳೊಳಗೆ ಹೇಳಬೇಕು. ಬಳಿಕ ನ್ಯಾಯಾಲಯವು ದಾಖಲಿಸಿಕೊಂಡ ಕರಾರು ಡಿಕ್ರಿಯ ಬಲ ಪಡೆಯುವುದು. ಅದರ ಮೇಲೆ ಅಪೀಲು ಇಲ್ಲ. ರೈತನ ಪತ್ರಗಳು ಗ್ರಾಮದ ನೋಂದಣಿ ಅಧಿಕಾರಿಯ ಮುಂದೆಯೇ ಆಗಬೇಕೆಂದೂ, ಸಾವುಕಾರನು ಸಂದಾಯಕ್ಕೆ ರಸೀದಿ ಕೊಡಬೇಕೆಂದೂ ಕಾಯಿದೆ ವಿಧಿಸಿತು. ಬಲಿಷ್ಠನೂ ದುರ್ಬಲನೂ ಎದುರು ಬದುರು ಕುಳಿತಾಗ ಒಪ್ಪಿಗೆಯೆಂಬುದು ಹೆಸರಿಗೆ ಮಾತ್ರ ಆಗಬಾರದು ಎಂಬುದೇ ಇವೆಲ್ಲದರ ತಾತ್ಪರ್ಯ.

ಮುಂದಣ ಕಾನೂನುಗಳೂ ಇದೇ ಜಾಡಿನಲ್ಲಿ ನಡೆದಿವೆ. 1908ರ ದಿವಾಣಿ ಪ್ರಕ್ರಿಯಾ ಸಂಹಿತೆಯ 23ನೆಯ ಆದೇಶದ 3ನೆಯ ನಿಯಮದಂತೆ, ರಾಜಿಯು ಕಾನೂನುಬದ್ಧವೆಂದು ನ್ಯಾಯಾಲಯಕ್ಕೆ ಮನವರಿಕೆಯಾಗಬೇಕು. ಅದು ಬರವಣಿಗೆಯಲ್ಲಿದ್ದು ಪಕ್ಷಗಾರರ ಸಹಿ ಹೊಂದಿರಬೇಕೆಂಬುದು 1976ರ ತಿದ್ದುಪಡಿ. ಅಪ್ರಾಪ್ತವಯಸ್ಕನ ಪರವಾಗಿ ರಾಜಿಯಾಗಲು ನ್ಯಾಯಾಲಯದ ಅನುಮತಿ ಅಗತ್ಯ. ದಾವೆಗೆ ಸೇರದ ಸ್ಥಿರಾಸ್ತಿಯನ್ನು ರಾಜಿಯಲ್ಲಿ ಸೇರಿಸಿದರೆ ಆ ಡಿಕ್ರಿಗೆ ನೋಂದಣಿಯ ವಿನಾಯಿತಿ ಇಲ್ಲ. 1987ರ ಕಾನೂನು ಸೇವಾ ಪ್ರಾಧಿಕಾರಗಳ ಕಾಯಿದೆಯಂತೆ ಲೋಕ ಅದಾಲತಿನ ರಾಜಿಗೂ ಡಿಕ್ರಿಯ ಬಲವುಂಟು. ಅದಕ್ಕೂ ಅಪೀಲು ಇಲ್ಲ.

ಅಪೀಲು ಇಲ್ಲ ಎಂಬ ಮಾತನ್ನು ನಾವು ಎರಡು ಸಲ ಬರೆದುದು ಸಕಾರಣವಾಗಿಯೇ. ಸಹಿಗೆ ಮುಂಚೆ ಎಚ್ಚರವಿಲ್ಲದವನಿಗೆ ಆಮೇಲೆ ದಾರಿ ಬಹಳ ಕಿರಿದು. ನಮ್ಮ ಗಡಿನಾಡಿನಲ್ಲಿ ಮಗು ಕಲಿಯುವುದು ಕನ್ನಡ. ನ್ಯಾಯಾಲಯದ ಕಾಗದ ಬರುವುದು ಮರಾಠಿಯಲ್ಲಿ ಇಲ್ಲವೆ ಇಂಗ್ಲಿಷಿನಲ್ಲಿ. ಆದಕಾರಣ ನಾವು ಶಾಲೆಯಲ್ಲಿ ಬಡ್ಡಿಯ ಲೆಕ್ಕ ಕಲಿಸುವಾಗ, ಚಕ್ರಬಡ್ಡಿಯು ಮೂರು ಮೂರು ವರ್ಷಕ್ಕೆ ಅಸಲನ್ನು ಹೇಗೆ ಬೆಳೆಸಿತೆಂಬುದನ್ನು ಈ ಚರಿತ್ರೆಯೊಡನೆ ಹೇಳೋಣ. ರಾಜಿಪತ್ರವನ್ನು ತನ್ನ ಭಾಷೆಯಲ್ಲಿ ಓದಿಸಿ ಕೇಳುವುದು ನಾಚಿಕೆಯಲ್ಲ, ಸಹಿ ಹಾಕುವವನ ಕರ್ತವ್ಯವೆಂಬುದನ್ನೂ ಮಕ್ಕಳಿಗೆ ಮನಗಾಣಿಸೋಣ.