ದೀಕ್ಷಾಸ್ನಾನದ ಹೆಸರು, ಕೇರಿಯ ಹೆಸರು

ಸಿರುಗುಪ್ಪ ತಾಲ್ಲೂಕಿನ ಸಿರಿಗೇರಿ ಎಂಬ ಊರಿನ ಹೆಸರಿನಲ್ಲಿ ‘ಸಿರಿ’ಯೂ ‘ಕೇರಿ’ಯೂ ಕೂಡಿರುವಂತೆ ಕೇಳಿಸುತ್ತದೆ; ಕಕಾರವು ಗಕಾರವಾಗುವುದು ನಾವು ಶಾಲೆಯಲ್ಲಿ ಕಲಿತ ಆದೇಶ ಸಂಧಿ. ಆದರೆ ಬಳ್ಳಾರಿ ಸೀಮೆಯಲ್ಲಿ ಕೇರಿಯೆಂದರೆ ಬರಿಯ ಬೀದಿಯಲ್ಲ. ಕೇರಿ ತಿಳಿದರೆ ಜಾತಿ ತಿಳಿಯಿತು. ಹಲವು ವೇಳೆ ಹೆಸರು ಕೇಳಿದರೇ ಸಾಕು, ಕೇರಿ ತಿಳಿಯಿತು. ತಾಯಿ ಮಾರೆಪ್ಪನೆಂದು ಕರೆದ ಮಗನನ್ನು ಒಡೆಯನು ‘ಮಾರ್ಯಾ’ ಎಂದು ಕೂಗಿದಾಗ ಕಳೆದುಹೋದದ್ದು ‘ಅಪ್ಪ’ ಎಂಬ ಎರಡಕ್ಷರ ಮಾತ್ರವಲ್ಲ. ಇಂಥವನಿಗೆ ದೀಕ್ಷಾಸ್ನಾನದಲ್ಲಿ ದೊರೆತ ಹೊಸ ಹೆಸರು ಒಂದು ಬಿಡುಗಡೆಯೇ ಆಗಿದ್ದಿರಬೇಕು.

ಆದರೂ ಕ್ರೈಸ್ತನಾದವನು ಹೆಸರನ್ನು ಬದಲಿಸಲೇಬೇಕೆಂಬ ಕಟ್ಟಳೆ ಆದಿ ಧರ್ಮಸಭೆಯಲ್ಲಿ ಕಾಣುವುದಿಲ್ಲ. ಫಿಲಿಪ್ಪಿಯರಿಗೆ ಬರೆದ ಪತ್ರದಲ್ಲಿ ಸಂತ ಪೌಲನು ಮೆಚ್ಚಿ ನುಡಿಯುವ ಎಪಫ್ರೋದೀತನ ಹೆಸರಿನೊಳಗೆ ಅಫ್ರೋದಿತೆ ಎಂಬ ಗ್ರೀಕ್ ದೇವತೆಯಿದ್ದಾಳೆ. ಅಪೊಲ್ಲೋಸನ ಹೆಸರಿನೊಳಗೆ ಅಪೊಲ್ಲೊ ದೇವನಿದ್ದಾನೆ. ಪೌಲನು ಇವರ ಹೆಸರುಗಳನ್ನು ತಿದ್ದಲಿಲ್ಲ. 3ನೆಯ ಶತಮಾನದಲ್ಲಿ ಅಲೆಕ್ಸಾಂಡ್ರಿಯದ ಧರ್ಮಾಧ್ಯಕ್ಷನಾಗಿದ್ದ ದಿಯೊನೀಸಿಯನು, ವಿಶ್ವಾಸಿಗಳು ತಮ್ಮ ಮಕ್ಕಳಿಗೆ ಪೇತ್ರ, ಪೌಲ ಎಂದು ಹೆಸರಿಡುತ್ತಿದ್ದುದನ್ನು ಹೇಳುತ್ತಾನೆ. (ಆತನ ಹೆಸರೂ ಒಬ್ಬ ಗ್ರೀಕ್ ದೇವನಿಂದ ಬಂದದ್ದೇ!) ಅದು ಪ್ರೀತಿಯಿಂದ ಬೆಳೆದ ರೂಢಿ.

1917ರ ಧರ್ಮಸಭಾ ಕಾನೂನು ಸಂಹಿತೆಯ 761ನೆಯ ವಿಧಿ ಈ ರೂಢಿಯನ್ನು ಗುರುಗಳ ಕರ್ತವ್ಯವಾಗಿಸಿತು: ಮಗುವಿಗೆ ಕ್ರೈಸ್ತ ಹೆಸರಿಡುವಂತೆ ನೋಡಿಕೊಳ್ಳಬೇಕು, ಅದಾಗದಿದ್ದರೆ ಹೆತ್ತವರಿಟ್ಟ ಹೆಸರಿಗೆ ಸಂತರೊಬ್ಬರ ಹೆಸರನ್ನು ಸೇರಿಸಿ ಎರಡನ್ನೂ ದಾಖಲೆಯಲ್ಲಿ ಬರೆಯಬೇಕು. ‘ಎರಡನ್ನೂ’ ಎಂಬ ಮಾತು ಗಮನಾರ್ಹ. ನಾನು ತಿರುವಿ ನೋಡಿದ ಹಳೆಯ ಪುಸ್ತಕಗಳಲ್ಲಿ ಹೆಚ್ಚಾಗಿ ಸಂತರ ಹೆಸರೊಂದೇ ಉಳಿದಿದೆ. 1983ರ ಸಂಹಿತೆಯ 855ನೆಯ ವಿಧಿಯಾದರೋ, ಹೆಸರು ಕ್ರೈಸ್ತ ಭಾವನೆಗೆ ಪರಕೀಯವಾಗಿರಬಾರದೆಂದಷ್ಟೇ ಕೇಳುತ್ತದೆ.

ಅಷ್ಟರಲ್ಲಿ ಇನ್ನೊಂದು ಕಾನೂನು ನಮ್ಮ ಜನರ ಹೆಸರನ್ನು ಹಿಡಿದಿತ್ತು. 1950ರ ರಾಷ್ಟ್ರಪತಿಗಳ ಆದೇಶವು ಪರಿಶಿಷ್ಟ ಜಾತಿಯ ಸ್ಥಾನವನ್ನು ಹಿಂದೂಗಳಿಗೆ ಸೀಮಿತಗೊಳಿಸಿತು. 1956ರಲ್ಲಿ ಸಿಖ್ಖರೂ 1990ರಲ್ಲಿ ಬೌದ್ಧರೂ ಅದರೊಳಗೆ ಬಂದರು, ಕ್ರೈಸ್ತರು ಹೊರಗುಳಿದರು. ಹೀಗೆ ದೇವಾಲಯದಲ್ಲಿ ಯೋಸೇಫ, ಶಾಲೆಯ ದಾಖಲೆಯಲ್ಲಿ ಮಾರೆಪ್ಪ. ಇದನ್ನು ಇಬ್ಬಂದಿತನವೆಂದು ಪ್ರಬೋಧನೆಯಲ್ಲಿ ಖಂಡಿಸಿದ ಗುರುಗಳಿದ್ದಾರೆ. ಎಳೆಯ ಗುರುವಾಗಿದ್ದಾಗ ನಾನೂ ಖಂಡಿಸಿದವನೇ. ಬಾಬಿಲೋನಿನ ಅಧಿಕಾರಿ ದಾನಿಯೇಲನಿಗೆ ಬೇಲ್ತೆಶಚ್ಚರನೆಂದು ಹೆಸರಿಟ್ಟದ್ದು ಆಗ ನನಗೆ ನೆನಪಾಗಲಿಲ್ಲ. ದಾನಿಯೇಲನು ಅರಸನ ಊಟವನ್ನು ನಿರಾಕರಿಸಿದನು. ಅರಮನೆಯ ಹೆಸರಿಗೆ ಪ್ರತಿಭಟಿಸಿದನೆಂದು ಗ್ರಂಥವು ಹೇಳುವುದಿಲ್ಲ. ಅವನ ವಿಶ್ವಾಸವನ್ನು ಯಾರೂ ಶಂಕಿಸಿದ್ದಿಲ್ಲ.

ಒಮ್ಮೆ ವೃದ್ಧೆಯೊಬ್ಬರ ಅಂತ್ಯಸಂಸ್ಕಾರದಲ್ಲಿ ಪುಸ್ತಕದಲ್ಲಿದ್ದಂತೆ ‘ಮಗ್ದಲೇನ’ ಎಂದು ಪ್ರಾರ್ಥಿಸಿದೆ. ಸಮಾಧಿಯ ಸುತ್ತ ನೆರೆದವರು ಮುಖ ಮುಖ ನೋಡಿಕೊಂಡರು. ಮಗನು ಹತ್ತಿರ ಬಂದು ಮೆಲ್ಲಗೆ, “ನಮ್ಮವ್ವನ ಹೆಸ್ರು ದುರುಗವ್ವ, ಫಾದರ್” ಎಂದನು. ಎರಡು ಹೆಸರನ್ನೂ ಸೇರಿಸಿ ಪ್ರಾರ್ಥನೆಯನ್ನು ಮೊದಲಿನಿಂದ ಹೇಳಿದೆ. ಆಗ ಹೆಂಗಸರು ಅತ್ತರು.