ಗುಡುಗು ತಿದ್ದಿದ ಪಂಚಾಂಗ
ಶಿರಸಿ, ಸಿದ್ದಾಪುರ, ಯಲ್ಲಾಪುರದ ಅಡಿಕೆ ಸೀಮೆ ಮಳೆಗಾಲವನ್ನು ಎಣಿಸಿದ್ದು ನಕ್ಷತ್ರಗಳಿಂದ. ಸೂರ್ಯ ಒಂದು ನಕ್ಷತ್ರದಲ್ಲಿ ಕಳೆಯುವ 13-14 ದಿನವೇ ಒಂದು ಮಳೆ: ಮೇ ಕೊನೆಗೆ ರೋಹಿಣಿ, ಜೂನ್ 7-8ಕ್ಕೆ ಮೃಗಶಿರ, 21-22ಕ್ಕೆ ಆರಿದ್ರಾ. ಆದರೆ ಈ ಲೆಕ್ಕವನ್ನು ಜೀವಂತವಾಗಿಟ್ಟದ್ದು ಕಿವಿ ಎಂಬುದು ನನ್ನ ವಾದ. ಭೂಮಿಯ ಅಕ್ಷ ನಿಧಾನವಾಗಿ ತಿರುಗುವ ಅಯನಚಲನೆಯಿಂದ ನಕ್ಷತ್ರ ಪ್ರವೇಶ ಸುಮಾರು 72 ವರ್ಷಕ್ಕೊಂದು ದಿನ ಋತುವಿನಿಂದ ಹಿಂದೆ ಬೀಳುತ್ತದೆ. ಈ ಸೀಮೆಯನ್ನಾಳಿದ ಸೋದೆ ಅರಸರ 16ನೇ ಶತಮಾನದಿಂದ ಇಂದಿಗೆ ಆರೇಳು ದಿನ ಸರಿದಿದೆ, ಸಾವಿರ ವರ್ಷದಲ್ಲಿ ಒಂದು ಇಡೀ ಮಳೆಯೇ ತಪ್ಪುತ್ತದೆ. ಬರೀ ಆಕಾಶ ನಂಬಿದ್ದರೆ ಈ ಪಂಚಾಂಗ ತೋಟಕ್ಕೆ ಉಪಯೋಗವಾಗುತ್ತಿರಲಿಲ್ಲ. ಆ ತಪ್ಪನ್ನು ತಿದ್ದುವುದು ಕಿವಿ. ಘಟ್ಟದಲ್ಲಿ ರೋಹಿಣಿಯವರೆಗೆ ಗುಡುಗು ಜೋರು. ಮುಂಗಾರು ಹಿಡಿದರೆ ಅದು ಅಪರೂಪ, ಮಳೆಗಾಲದ ಕೊನೆಯ ಚಿತ್ತಾ, ಸ್ವಾತಿ ಮಳೆಗೆ ಮತ್ತೆ ಮೊಳಗುತ್ತದೆ. ಜೀರುಂಡೆಯ ಬೇಸಿಗೆಯ ಕಿರುಚಾಟ ಇಳಿದು ಕಪ್ಪೆಯ ದನಿ ಏಳುವುದೂ ಮುಂಗಾರು ಹಿಡಿಯುವ ಸಂಧಿಯಲ್ಲೇ.

ಕಪ್ಪೆ ಕೂಗುವಾಗ ಮಳೆ ಬಂದೇ ಬಿಟ್ಟಿರುತ್ತದೆ, ಅದು ಮುನ್ಸೂಚನೆ ಹೇಗಾದೀತು ಎಂದು ಕೇಳಬಹುದು. ನ್ಯಾಯವಾದ ಪ್ರಶ್ನೆ. ಆದರೆ ಅಡಿಕೆಯ ಕೊಳೆರೋಗದ ಎದುರು ಗೊನೆಗಳಿಗೆ ಮೈಲುತುತ್ತ, ಸುಣ್ಣದ ಮದ್ದು ಹೊಡೆಯಬೇಕಾದದ್ದು ಜಡಿಮಳೆಗೆ ಮೊದಲು. ತಯಾರಿಯ ದಿನವನ್ನು ನಕ್ಷತ್ರ ಹೇಳುತ್ತದೆ; ಬಿಡುವು ಇನ್ನೆಷ್ಟು ಎಂಬುದನ್ನು, ಆ ವರ್ಷದ ಮಟ್ಟಿಗೆ, ಗುಡುಗು ಹೇಳುತ್ತದೆ.