ಅಂಗಳದಿಂದ ಕೋಚ್ ಹುದ್ದೆಗೆ: ಜಪಾನ್ ಮಹಿಳಾ ಫುಟ್‌ಬಾಲ್‌ನ ನಾಲ್ಕು ದಶಕ

ಜಪಾನ್ ಮಹಿಳಾ ಫುಟ್‌ಬಾಲ್ ತಂಡ ಮೊದಲ ಅಂತರರಾಷ್ಟ್ರೀಯ ಪಂದ್ಯ ಆಡಿದ್ದು 1981ರಲ್ಲಿ. ಆ ತಂಡಕ್ಕೆ ಮೊದಲ ಮಹಿಳಾ ಮುಖ್ಯ ಕೋಚ್ ಬಂದದ್ದು 2016ರಲ್ಲಿ. ನಡುವಿನ 35 ವರ್ಷಗಳಲ್ಲಿ ಆ ದೇಶದ ಹುಡುಗಿಯರು ವಿಶ್ವಕಪ್ ಗೆದ್ದರು, ಒಲಿಂಪಿಕ್ ಬೆಳ್ಳಿ ತಂದರು, ಮತ್ತೊಂದು ವಿಶ್ವಕಪ್ ಫೈನಲ್ ಕೂಡ ಆಡಿದರು. ಆಟಗಾರ್ತಿಯರು ಬೆಳೆದ ವೇಗದಲ್ಲಿ ಮಹಿಳಾ ಕೋಚ್‌ಗಳು ಬೆಳೆಯಲಿಲ್ಲ. ಆ ಕೊರತೆ ತುಂಬಲು ಮುಂದೆ ಬಂದ ಪೀಳಿಗೆಯಲ್ಲಿ ಎದ್ದು ಕಾಣುವ ಹೆಸರು ಅಸಾಕೊ ತಕಾಕುರಾ. ಅವರ ಆಟ ಮತ್ತು ತರಬೇತಿ ಎರಡನ್ನೂ ಜೊತೆಗಿಟ್ಟು ನೋಡಿದರೆ ಜಪಾನ್ ಮಹಿಳಾ ಫುಟ್‌ಬಾಲ್ ನಡೆದುಬಂದ ದಾರಿಯೇ ಕಾಣಸಿಗುತ್ತದೆ.

ಎಂಟು ಮಂದಿಯ ಆಟ

ಜಪಾನ್ ಫುಟ್‌ಬಾಲ್ ಸಂಸ್ಥೆ ಮಹಿಳಾ ತಂಡಗಳಿಗೆ ಅಧಿಕೃತ ನೋಂದಣಿ ಕೊಟ್ಟದ್ದು 1979ರಲ್ಲಿ. ಮರುವರ್ಷ ನಡೆದ ಮೊದಲ ರಾಷ್ಟ್ರೀಯ ಟೂರ್ನಿಯಲ್ಲಿ ತಂಡಕ್ಕೆ ಎಂಟೇ ಮಂದಿ, ಅರ್ಧಕ್ಕೆ 25 ನಿಮಿಷ, ಚೆಂಡೂ ಸಣ್ಣದು. ಹೆಣ್ಣುಮಕ್ಕಳು ಪೂರ್ತಿ ಆಟ ಆಡಬಲ್ಲರು ಎಂಬ ನಂಬಿಕೆ ಸಂಘಟಕರಿಗೇ ಇರಲಿಲ್ಲ. 1981ರಲ್ಲಿ ಹಾಂಗ್‌ಕಾಂಗ್‌ನ ಏಷ್ಯನ್ ಚಾಂಪಿಯನ್‌ಷಿಪ್‌ಗೆ ಹೋದ ಜಪಾನ್ ಮೊದಲ ಪಂದ್ಯದಲ್ಲೇ ತೈವಾನ್‌ಗೆ ಸೋತು, ಗುಂಪು ಹಂತ ದಾಟದೆ ಮರಳಿತು. ಅದೇ ಟೂರ್ನಿಯಲ್ಲಿ ಮೂರನೇ ಸ್ಥಾನ ಪಡೆದ ತಂಡ ಭಾರತ!

ಫುಕುಶಿಮಾದಲ್ಲಿ 1968ರಲ್ಲಿ ಹುಟ್ಟಿದ ತಕಾಕುರಾ 1984ರಲ್ಲಿ, 16ನೇ ವಯಸ್ಸಿಗೇ ರಾಷ್ಟ್ರೀಯ ತಂಡ ಸೇರಿದರು. ಮಿಡ್‌ಫೀಲ್ಡರ್ ಆಗಿದ್ದ ಅವರು ಟೋಕಿಯೊದ ಯೊಮಿಯುರಿ ಬೆಲೆಝಾ ಕ್ಲಬ್‌ನಲ್ಲಿ ಬೆಳೆದರು. 1989ರಲ್ಲಿ ಆರು ತಂಡಗಳೊಂದಿಗೆ ರಾಷ್ಟ್ರೀಯ ಮಹಿಳಾ ಲೀಗ್ ಆರಂಭವಾಯಿತು. ಅದನ್ನು ನಡೆಸಿದ್ದು ಕಂಪನಿಗಳ ದುಡ್ಡು. ಕಾರು ಮಾಡುವ ನಿಸ್ಸಾನ್, ಮುತ್ತು ಮಾರುವ ತಸಾಕಿ, ಮಾಂಸ ಸಂಸ್ಕರಿಸುವ ಪ್ರಿಮಾ ಹ್ಯಾಮ್ ಎಲ್ಲವೂ ತಂಡ ಕಟ್ಟಿದವು. ಹಗಲು ಕಂಪನಿ ಕೆಲಸ, ಸಂಜೆ ಅಭ್ಯಾಸ ಎಂಬುದು ಎಷ್ಟೋ ಆಟಗಾರ್ತಿಯರ ದಿನಚರಿಯಾಗಿತ್ತು. 1990ರಿಂದ 1993ರವರೆಗೆ ಸತತ ನಾಲ್ಕು ಸಲ ಲೀಗ್ ಗೆದ್ದ ಬೆಲೆಝಾದಲ್ಲಿ ತಕಾಕುರಾ ಇದ್ದರು.

ಏಳುಬೀಳು

1991ರಲ್ಲಿ ಚೀನಾದಲ್ಲಿ ನಡೆದ ಮೊದಲ ವಿಶ್ವಕಪ್ ಜಪಾನಿಗೆ ಕಹಿಯಾಯಿತು. ಬ್ರೆಜಿಲ್, ಸ್ವೀಡನ್, ಅಮೆರಿಕ ಮೂರಕ್ಕೂ ಸೋತ ತಂಡ ಒಂದು ಗೋಲನ್ನೂ ಹೊಡೆಯಲಿಲ್ಲ. ಸ್ವೀಡನ್ ಒಂದೇ ಪಂದ್ಯದಲ್ಲಿ ಎಂಟು ಗೋಲು ಹೊಡೆಯಿತು. ನಾಲ್ಕು ವರ್ಷಗಳ ನಂತರ ಸ್ವೀಡನ್‌ನಲ್ಲಿ ಬ್ರೆಜಿಲ್‌ ಅನ್ನು 2–1ರಿಂದ ಮಣಿಸಿ ಕ್ವಾರ್ಟರ್ ಫೈನಲ್ ತಲುಪಿತು, 1996ರ ಅಟ್ಲಾಂಟಾ ಒಲಿಂಪಿಕ್ಸ್‌ಗೂ ಅರ್ಹತೆ ಪಡೆಯಿತು. ಈ ಮೂರೂ ಕೂಟಗಳಲ್ಲಿ ತಕಾಕುರಾ ಆಡಿದರು. ದೇಶಕ್ಕಾಗಿ ಅವರು ಆಡಿದ ಪಂದ್ಯಗಳು 79.

ಅಷ್ಟರಲ್ಲಿ ಜಪಾನಿನ ಆರ್ಥಿಕತೆ ಮುಗ್ಗರಿಸಿತ್ತು. ಖರ್ಚು ಕಡಿಮೆ ಮಾಡಹೊರಟ ಕಂಪನಿಗಳ ಕಣ್ಣಿಗೆ ಮಹಿಳಾ ತಂಡಗಳೇ ಮೊದಲು ಬಿದ್ದವು. 1996ರಿಂದ ಸತತ ಮೂರು ವರ್ಷ ಲೀಗ್ ಗೆದ್ದ ನಿಕ್ಕೊ ಸೆಕ್ಯುರಿಟೀಸ್ ತಂಡವನ್ನೇ 1998ರಲ್ಲಿ ಮುಚ್ಚಲಾಯಿತು. ರಾಷ್ಟ್ರೀಯ ತಂಡ 2000ದ ಸಿಡ್ನಿ ಒಲಿಂಪಿಕ್ಸ್‌ಗೆ ಅರ್ಹತೆಯನ್ನೂ ಪಡೆಯಲಿಲ್ಲ.

ಚೇತರಿಕೆ ಶುರುವಾದದ್ದು 2004ರಲ್ಲಿ. ಟೋಕಿಯೊದ ರಾಷ್ಟ್ರೀಯ ಕ್ರೀಡಾಂಗಣದಲ್ಲಿ 30 ಸಾವಿರಕ್ಕೂ ಹೆಚ್ಚು ಪ್ರೇಕ್ಷಕರ ಎದುರು ಉತ್ತರ ಕೊರಿಯಾವನ್ನು 3–0ಯಿಂದ ಸೋಲಿಸಿ ಜಪಾನ್ ಅಥೆನ್ಸ್ ಒಲಿಂಪಿಕ್ಸ್‌ಗೆ ಹೊರಟಿತು. ತಂಡಕ್ಕೆ ‘ನಾಡೆಶಿಕೊ’ ಎಂಬ ಹೆಸರು ಬಂದದ್ದೂ ಆ ವರ್ಷವೇ. 2011ರ ಜುಲೈ 17ರಂದು ಫ್ರಾಂಕ್‌ಫರ್ಟ್‌ನಲ್ಲಿ, ಕೋಚ್ ನೊರಿಯೊ ಸಸಾಕಿ ಅವರ ತಂಡ ಪೆನಾಲ್ಟಿ ಶೂಟೌಟ್‌ನಲ್ಲಿ ಅಮೆರಿಕವನ್ನು ಮಣಿಸಿ ವಿಶ್ವಕಪ್ ಗೆದ್ದಿತು. ಸುನಾಮಿ ಮತ್ತು ಅಣುಸ್ಥಾವರ ದುರಂತದಿಂದ ತತ್ತರಿಸಿದ್ದ ದೇಶಕ್ಕೆ ನಾಲ್ಕೇ ತಿಂಗಳಲ್ಲಿ ಸಿಕ್ಕ ಸಂತಸ ಅದು. ನಾಯಕಿ ಹೊಮಾರೆ ಸವಾ ಐದು ಗೋಲು ಹೊಡೆದು ಶ್ರೇಷ್ಠ ಆಟಗಾರ್ತಿ ಪ್ರಶಸ್ತಿಯನ್ನೂ ಪಡೆದರು.

ಆಡಿದವರೇ ಕಲಿಸಲು ನಿಂತಾಗ

ಈ ಗೆಲುವುಗಳ ಹಿಂದೆ ಸದ್ದಿಲ್ಲದೆ ಇನ್ನೊಂದು ಕೆಲಸ ನಡೆಯುತ್ತಿತ್ತು. 1980ರ ದಶಕದ ಆಟಗಾರ್ತಿಯರು ಕೋಚಿಂಗ್ ಪರವಾನಗಿ ಪಡೆಯತೊಡಗಿದ್ದರು. ಮಿದೊರಿ ಹೊಂಡಾ 2007ರಲ್ಲಿ ಜಪಾನಿನ ಅತ್ಯುನ್ನತ ಎಸ್ ದರ್ಜೆ ಪರವಾನಗಿ ಪಡೆದ ಮೊದಲ ಮಹಿಳೆಯಾದರು. ಒಕಾಯಾಮಾ ಸೀಮೆಯ ಯುನೊಗೊ ಎಂಬ ಬಿಸಿನೀರ ಬುಗ್ಗೆಗಳ ಊರಿನ ಕ್ಲಬ್ಬನ್ನು ಕಟ್ಟಿದವರೂ ಅವರೇ.

ತಕಾಕುರಾ ಆರಿಸಿಕೊಂಡದ್ದು ಕಿರಿಯರ ತಂಡಗಳನ್ನು. 2014ರಲ್ಲಿ ಕೋಸ್ಟರಿಕಾದಲ್ಲಿ ನಡೆದ 17 ವರ್ಷದೊಳಗಿನವರ ವಿಶ್ವಕಪ್‌ನಲ್ಲಿ ಅವರ ತಂಡ ಆರಕ್ಕೆ ಆರೂ ಪಂದ್ಯ ಗೆದ್ದಿತು, ಬಿಟ್ಟುಕೊಟ್ಟದ್ದು ಒಂದೇ ಗೋಲು. ಫೈನಲ್‌ನಲ್ಲಿ ಸ್ಪೇನ್ ವಿರುದ್ಧ 2–0 ಜಯ. ಚೆಂಡನ್ನು ನೆಲದ ಮೇಲೇ ಓಡಿಸುತ್ತ, ಚಿಕ್ಕ ಪಾಸ್‌ಗಳಲ್ಲಿ ಎದುರಾಳಿಯನ್ನು ದಣಿಸುವ ಆಟ ಅದು. ಆ ತಂಡದ ಹಿನಾ ಸುಗಿತಾ ಟೂರ್ನಿಯ ಶ್ರೇಷ್ಠ ಆಟಗಾರ್ತಿಯಾದರು. ಯುಯಿ ಹಸೆಗಾವಾ ಮುಂದೆ ಮ್ಯಾಂಚೆಸ್ಟರ್ ಸಿಟಿಯ ಮಧ್ಯಾಂಗಣ ಆಳಿದರು. ಏಷ್ಯಾದ ವರ್ಷದ ಮಹಿಳಾ ಕೋಚ್ ಪ್ರಶಸ್ತಿ ತಕಾಕುರಾ ಅವರಿಗೆ ಹಲವು ಬಾರಿ ಸಂದಿತು.

2016ರಲ್ಲಿ ರಿಯೊ ಒಲಿಂಪಿಕ್ಸ್‌ಗೆ ಅರ್ಹತೆ ತಪ್ಪಿ ಸಸಾಕಿ ನಿರ್ಗಮಿಸಿದಾಗ ಹಿರಿಯರ ತಂಡ ತಕಾಕುರಾ ಕೈಗೆ ಬಂತು. 2018ರಲ್ಲಿ ಏಷ್ಯಾ ಕಪ್, ಏಷ್ಯನ್ ಗೇಮ್ಸ್ ಚಿನ್ನ ಎರಡೂ ಬಂದವು. 2019ರ ವಿಶ್ವಕಪ್‌ನ 16ರ ಘಟ್ಟದಲ್ಲಿ ಮಾತ್ರ ಕೊನೇ ಗಳಿಗೆಯ ಪೆನಾಲ್ಟಿಯಿಂದ ನೆದರ್‌ಲೆಂಡ್ಸ್ ಗೆದ್ದುಬಿಟ್ಟಿತು. ತವರಿನಲ್ಲೇ ನಡೆದ ಟೋಕಿಯೊ ಒಲಿಂಪಿಕ್ಸ್‌ನಲ್ಲೂ ಕ್ವಾರ್ಟರ್ ಫೈನಲ್‌ನಲ್ಲಿ ಸ್ವೀಡನ್‌ಗೆ 1–3ರ ಸೋಲು. ಅಲ್ಲಿಗೆ ಅವರ ಅವಧಿ ಮುಗಿಯಿತು.

ಪದಕಗಳನ್ನಷ್ಟೇ ಎಣಿಸಿದರೆ ಸಸಾಕಿ ಮುಂದೆ ತಕಾಕುರಾ ಚಿಕ್ಕವರಾಗಿ ಕಾಣಬಹುದು. ಆದರೆ 2011ರ ಪೀಳಿಗೆ ಒಟ್ಟಿಗೇ ನಿವೃತ್ತವಾಗುತ್ತಿದ್ದ ಹೊತ್ತಿನಲ್ಲಿ ತಂಡವನ್ನು ಬುಡದಿಂದ ಮತ್ತೆ ಕಟ್ಟುವ ಹೊರೆ ಬಿದ್ದದ್ದು ಅವರ ಮೇಲೆ. ಅವರು ಕಿರಿಯರ ತಂಡದಲ್ಲಿ ತಿದ್ದಿದ ಹುಡುಗಿಯರೇ 2023ರ ವಿಶ್ವಕಪ್‌ನಲ್ಲಿ ಜಪಾನಿನ ಬೆನ್ನೆಲುಬಾಗಿದ್ದರು. ಮುಂದೆ ಕಪ್ ಎತ್ತಿದ ಸ್ಪೇನ್‌ ಅನ್ನು ಆ ತಂಡ ಗುಂಪು ಹಂತದಲ್ಲಿ 4–0ಯಿಂದ ಬಡಿದಿತ್ತು.

ಅರ್ಧ ತೆರೆದ ಬಾಗಿಲು

2021ರ ಸೆಪ್ಟೆಂಬರ್‌ನಲ್ಲಿ 11 ಕ್ಲಬ್‌ಗಳ ವೃತ್ತಿಪರ ಮಹಿಳಾ ಲೀಗ್, ‘ವಿ ಲೀಗ್’, ಶುರುವಾಯಿತು. ಪ್ರತಿ ಕ್ಲಬ್‌ನ ಕೋಚಿಂಗ್ ಬಳಗದಲ್ಲಿ ಒಬ್ಬ ಮಹಿಳೆಯಾದರೂ ಇರಬೇಕು, ಆಡಳಿತ ಸಿಬ್ಬಂದಿಯಲ್ಲಿ ಅರ್ಧ ಭಾಗ ಮಹಿಳೆಯರದಾಗಬೇಕು ಎಂದು ನಿಯಮದಲ್ಲೇ ಬರೆಯಲಾಯಿತು. ಆದರೂ ರಾಷ್ಟ್ರೀಯ ತಂಡದ ಮುಖ್ಯ ಕೋಚ್ ಹುದ್ದೆ ತಕಾಕುರಾ ನಂತರ ಫುತೊಶಿ ಇಕೆಡಾ ಅವರಿಗೆ, 2024ರ ಡಿಸೆಂಬರ್‌ನಲ್ಲಿ ನಿಲ್ಸ್ ನೀಲ್ಸನ್ ಅವರಿಗೆ ಹೋಯಿತು. ಇಬ್ಬರೂ ಗಂಡಸರು.

ಈ ಕಥೆಗೂ ನಮಗೂ ನೇರ ನಂಟಿದೆ. 2017ರಿಂದ 2021ರವರೆಗೆ ಭಾರತ ತಂಡಕ್ಕೂ ಮಾಜಿ ಆಟಗಾರ್ತಿ ಮೇಮೋಲ್ ರಾಕಿ ಮುಖ್ಯ ಕೋಚ್ ಆಗಿದ್ದರು. 2023ರಲ್ಲಿ ತಾಷ್ಕೆಂಟ್‌ನಲ್ಲಿ ನಡೆದ ಒಲಿಂಪಿಕ್ ಅರ್ಹತಾ ಸುತ್ತಿನಲ್ಲಿ ಭಾರತ ಜಪಾನಿಗೆ 0–7ರಿಂದ, ಉಜ್ಬೇಕಿಸ್ತಾನಕ್ಕೆ 0–3ರಿಂದ ಸೋತಿತು. ಆ ಉಜ್ಬೇಕ್ ತಂಡದ ಕೋಚ್ ಬೇರಾರೂ ಅಲ್ಲ, ಮಿದೊರಿ ಹೊಂಡಾ. ಜಪಾನ್ ತನ್ನ ಹಳೆಯ ಆಟಗಾರ್ತಿಯರನ್ನು ಕೋಚ್‌ಗಳನ್ನಾಗಿ ರೂಪಿಸಿ ಹೊರದೇಶಗಳಿಗೂ ಕಳಿಸುವ ಮಟ್ಟಕ್ಕೆ ಬೆಳೆದಿದೆ. 1981ರಲ್ಲಿ ಅವರಿಗಿಂತ ಮುಂದಿದ್ದವರು ನಾವು. ಬೂಟು ಕಳಚಿಟ್ಟ ನಮ್ಮ ಆಟಗಾರ್ತಿಯರಿಗೆ ಕೋಚಿಂಗ್ ಪರವಾನಗಿ ಮತ್ತು ಸಂಬಳದ ಕೆಲಸ ಸಿಗುವಂತೆ ಮಾಡುವುದೇ ಫುಟ್‌ಬಾಲ್ ಸಂಸ್ಥೆಗಳು ಈಗ ಮಾಡಬೇಕಾದ ಮೊದಲ ಕೆಲಸ.